ಮಡುವಿನೊಳಗಿನ ಮದುಮಗ

ಈ ಊರಿನಲ್ಲಿ ನನಗೆ ಎರಡು ಹೆಸರಿವೆ. ಎದುರಿಗೆ ಸಿಕ್ಕವರು ಮಂಡಕ್ಕಿ ಹಾಲಮ್ಮ ಎನ್ನುತ್ತಾರೆ. ಬೆನ್ನು ತಿರುಗಿಸಿದರೆ, ಮದುಮಗನನ್ನು ಕತ್ತೆ ಅಂದವಳು ಎನ್ನುತ್ತಾರೆ. ಎರಡೂ ಸುಳ್ಳಲ್ಲ. ಮಂಡಕ್ಕಿ ಭಟ್ಟಿ ನನ್ನದೇ, ಕತ್ತೆ ಅಂದದ್ದೂ ನಾನೇ. ಆದರೆ ಯಾಕೆ ಅಂದೆ, ಅಂದದ್ದರಿಂದ ಏನಾಯಿತು ಎಂದು ಕೇಳುವ ತಾಳ್ಮೆ ಯಾರಿಗೂ ಇಲ್ಲ. ಆಡಿಕೊಳ್ಳುವುದಕ್ಕೆ ಮಾತ್ರ ಎಲ್ಲರಿಗೂ ಪುರಸೊತ್ತು. ಅದಕ್ಕೇ ಒಂದು ಸಲ ನಾನೇ ಹೇಳಿ ಮುಗಿಸುತ್ತೇನೆ.

ನಮ್ಮೂರಿನ ಮಕ್ಕಳು ನೆಟ್ಟಗೆ ನಡೆಯುವುದಕ್ಕೆ ಮೊದಲೇ ಮಂಡಕ್ಕಿ ಎಸೆಯುವುದನ್ನು ಕಲಿಯುತ್ತವೆ. ಮನೆಯಿಂದ ಹೊರಬಿದ್ದರೆ ಸೊಂಟದಲ್ಲಿ ಮಂಡಕ್ಕಿ ಚೀಲ ಇರಲೇಬೇಕು. ನಾಲ್ಕು ಹೆಜ್ಜೆಗೊಮ್ಮೆ ನಾಲ್ಕು ಕಾಳು ಮುಂದಕ್ಕೆ ಎಸೆಯುವುದು, ನೆಲಕ್ಕೆ ಬಿದ್ದರೆ ನಡೆಯುವುದು, ಗಾಳಿಯಲ್ಲೇ ನಿಂತರೆ ಸುತ್ತಿಕೊಂಡು ಹೋಗುವುದು. ನಿಂತಿತು ಎಂದರೆ ಅಲ್ಲಿ ಮಡು ಬಿದ್ದಿದೆ ಎಂದೇ ಅರ್ಥ. ಹೊಳೆಯಲ್ಲಿ ನೀರು ಮಡುಗಟ್ಟುವ ಹಾಗೆ ನಮ್ಮೂರಿನಲ್ಲಿ ಹೊತ್ತು ಮಡುಗಟ್ಟುತ್ತದೆ. ಯಾವಾಗ, ಎಲ್ಲಿ ಎಂದು ಹೇಳಲು ಬರುವುದಿಲ್ಲ. ಸಣ್ಣವು ವಾರದಲ್ಲೋ ತಿಂಗಳಲ್ಲೋ ತಾವಾಗಿಯೇ ಬತ್ತುತ್ತವೆ. ದೊಡ್ಡವು ತಲೆಮಾರು ಕಳೆದರೂ ಬತ್ತುವುದಿಲ್ಲ. ಮೈಯ ತುದಿ ತಾಗಿದರೆ ಸಾಕು, ಇಡೀ ಆಳನ್ನು ಒಳಕ್ಕೆ ಎಳೆದುಕೊಳ್ಳುತ್ತದೆ. ಆಚೆಯ ಅಂಚಿಗೆ ಮೂಗು ಮುಟ್ಟಿತೋ, ಮಾವಿನ ಓಟೆಯ ಹಾಗೆ ಉಗುಳಿಬಿಡುತ್ತದೆ. ಒಳಗಿದ್ದವರಿಗೆ ಏನೂ ಗೊತ್ತಾಗುವುದಿಲ್ಲ. ಅವರು ಒಂದು ಹೆಜ್ಜೆ ಕಿತ್ತು ಇಡುವಷ್ಟರಲ್ಲಿ ಹೊರಗಿನವರು ಮನೆ ಕಟ್ಟಿಸಿ, ಅದು ಸೋರಿ, ಹೆಂಚು ಬದಲಾಯಿಸಿ ಆಗಿರುತ್ತದೆ.

ಇದಕ್ಕೆಲ್ಲ ನಾವು ಹೊಂದಿಕೊಂಡುಬಿಟ್ಟಿದ್ದೇವೆ. ನಮ್ಮ ಓಣಿಯಲ್ಲಿ ಒಬ್ಬ ತಮ್ಮ ಅಣ್ಣನಿಗಿಂತ ಹನ್ನೊಂದು ವರ್ಷ ದೊಡ್ಡವನು, ಆದರೂ ಹಬ್ಬದ ದಿನ ಬೆನ್ನು ಬಗ್ಗಿಸಿಕೊಂಡು ಅಣ್ಣನ ಕಾಲಿಗೆ ಬೀಳುತ್ತಾನೆ. ಒಂದು ಹುಂಜ ಹೇಂಟೆಯ ಮೇಲೆ ಹಾರಲು ಹೋಗಿ ಏಳು ತಿಂಗಳು ಗಾಳಿಯಲ್ಲಿ ನೇತಾಡಿತು. ಕೊನೆಗೆ ನೆಲಕ್ಕಿಳಿದಾಗ ಹೇಂಟೆ ಸಾರಾಗಿ ಹೋಗಿ ಯಾವುದೋ ಕಾಲವಾಗಿತ್ತು. ಇವು ನಗುವ ಮಾತು. ನಗಬಾರದ ಮಾತೂ ಇದೆ. ಬಾವಿ ಓಣಿಯ ಮಡುವಿನಲ್ಲಿ ಓಲೆ ಅಜ್ಜಿ ಇದ್ದಾಳೆ. ಅಜ್ಜಿ ಎನ್ನುವುದು ಹೆಸರಿಗೆ, ವಯಸ್ಸು ಹದಿನೆಂಟು. ನನ್ನ ಮುತ್ತಜ್ಜನ ಕಾಲದಲ್ಲಿ ಮಡು ದಾಟುವಾಗ ಕಿವಿಯ ಓಲೆ ಬಿತ್ತೆಂದು ಹೆಕ್ಕಿಕೊಳ್ಳಲು ನಿಂತಳು. ಇವತ್ತಿಗೂ ಬಗ್ಗುತ್ತಲೇ ಇದ್ದಾಳೆ. ಅವಳಿಗೆ ಓಲೆ ಸಿಗುವ ಹೊತ್ತಿಗೆ ಅವಳನ್ನು ಗುರುತಿಸುವವರು ಇರಲಿ, ನಮ್ಮ ಮಾತು ಅವಳಿಗೆ ತಿಳಿಯುತ್ತದೋ ಇಲ್ಲವೋ. ಅದಕ್ಕೇ ನಮ್ಮ ಶಾಲೆಗಳಲ್ಲಿ ಪ್ರಾರ್ಥನೆ ಮುಗಿದ ಕೂಡಲೇ ಹೇಳಿಸುತ್ತಾರೆ: ಮಡು ಹೊಕ್ಕವರು ನಿಲ್ಲಬಾರದು, ತಿರುಗಬಾರದು, ಮೂಗಿನ ನೇರಕ್ಕೆ ಓಡಬೇಕು, ಕಂಡವರು ‘ಓಡು’ ಎಂದು ಕೂಗಬೇಕು, ಬೇರೆ ಮಾತು ಆಡಬಾರದು. ಯಾಕೆಂದರೆ ಕೂಗು ಕೂಡ ಮಡುವಿನೊಳಗೆ ತೆವಳುತ್ತದೆ. ಇವತ್ತು ಕೂಗಿದ್ದು ಒಳಗಿನವರ ಕಿವಿ ಮುಟ್ಟಲು ಇಪ್ಪತ್ತು ಇಪ್ಪತ್ತೈದು ವರ್ಷ ಬೇಕು. ಬಾಯಿಗೆ ಬಂದದ್ದು ಅಂದು ಆಮೇಲೆ ತಿದ್ದಿಕೊಳ್ಳುತ್ತೇನೆ ಎಂದರೆ ಆಗುವುದಿಲ್ಲ.

ನನ್ನ ಮದುವೆ ಗೊತ್ತಾದದ್ದು ಮಡು ಇಲ್ಲದ ಊರಿನವರ ಜೊತೆ. ಎರಡು ದಿನದ ದಾರಿ. ಗಂಡಿನ ಹೆಸರು ಕೊಟ್ರೇಶಿ, ವಯಸ್ಸು ಇಪ್ಪತ್ನಾಲ್ಕು. ನನಗೆ ಇಪ್ಪತ್ತು. ಹೆಣ್ಣು ನೋಡಲು ಬಂದ ದಿನ ನಮ್ಮವ್ವ ನನಗೆ ಬಾಯಿ ಬಿಡಬೇಡ ಎಂದು ಆಣೆ ಹಾಕಿಸಿದ್ದಳು. ನನ್ನ ದನಿ ಸ್ವಲ್ಪ ಜೋರು. ಭಟ್ಟಿಯಲ್ಲಿ ಮರಳು ಸಿಡಿಯುವ ಸದ್ದಿನ ನಡುವೆ ಬೆಳೆದವಳಿಗೆ ಮೆತ್ತಗೆ ಮಾತಾಡಲು ಎಲ್ಲಿಂದ ಬರಬೇಕು. ಹಾಗಾಗಿ ಅವತ್ತು ತಲೆ ತಗ್ಗಿಸಿ ಚಹಾ ಕೊಟ್ಟು ಒಳಗೆ ಹೋದೆ. ಅವನಿಗೂ ನನಗೂ ಒಂದು ಮಾತಿನ ಪರಿಚಯವೂ ಇರಲಿಲ್ಲ.

ಮದುವೆಯ ಬೆಳಗ್ಗೆ ಬೀಗರು ಛತ್ರದ ಎದುರಿನ ಮನೆಯಲ್ಲಿ ಇಳಿದುಕೊಂಡಿದ್ದರು. ನಡುವೆ ಬೀದಿ ಮಾತ್ರ. ನಮ್ಮಪ್ಪ ಹರಿವಾಣದಲ್ಲಿ ಅರಿಶಿನ ಕುಂಕುಮದ ಜೊತೆ ಎಲ್ಲರಿಗೂ ಒಂದೊಂದು ಮಂಡಕ್ಕಿ ಚೀಲ ಇಟ್ಟುಕೊಂಡು ಹೋದ. ಮದುಮಗನ ತಾಯಿ ಗುರುಸಿದ್ದವ್ವ ಹರಿವಾಣ ನೋಡಿದ್ದೇ ತಡ, ಮುಖ ಕೆಂಪು ಮಾಡಿಕೊಂಡರು.

“ಏನ್ರೀ ಬೀಗ್ರೇ, ಹೆಣದ ಮುಂದೆ ಎರಚೋ ಮಂಡಕ್ಕೀನ ಕಂಕಣ ಕಟ್ಟಿದ ಕೈಗೆ ಕೊಡ್ತೀರಾ? ನಿಮ್ಮೂರಿನ ರಿವಾಜು ನಿಮಗೇ ಇರ್ಲಿ. ನನ್ನ ಮಗ ಮುಟ್ಟಲ್ಲ.”

“ಎರಡೇ ಕಾಳು ಹಾಕಿಸಿ ಬೀಗ್ತಿ, ಬೀದಿ ದಾಟೋದಕ್ಕೆ,” ಎಂದ ಅಪ್ಪ.

“ಅರ್ಧ ಕಾಳೂ ಇಲ್ಲ. ನನ್ನ ಮಗ ತಾಯಿ ಹಾಕಿದ ಗೆರೆ ದಾಟಲ್ಲ, ಬೇಕಿದ್ರೆ ಕೇಳಿ ನೋಡಿ.”

ಕೊಟ್ರೇಶಿ ಪಕ್ಕದಲ್ಲೇ ಬಾಸಿಂಗ ಕಟ್ಟಿಸಿಕೊಳ್ಳುತ್ತಾ ಹೌದೆಂದು ತಲೆಯಾಡಿಸಿದನಂತೆ. ಅಪ್ಪ ಓಡಿಹೋಗಿ ಮಡು ಮೇಸ್ತ್ರಿ ಸಿದ್ರಾಮಪ್ಪನನ್ನು ಕರೆತಂದ. ಬೀದಿ ಬೀದಿ ತಿರುಗಿ ಮಡು ಹುಡುಕಿ ಗುರುತು ಹಾಕುವುದು, ಒಳಗಿದ್ದವರನ್ನು ವರ್ಷಕ್ಕೊಮ್ಮೆ ಅಳೆದು ಯಾವಾಗ ಹೊರಗೆ ಬರುತ್ತಾರೆಂದು ಹೇಳುವುದು ಮೇಸ್ತ್ರಿಯ ಕೆಲಸ. ಆಗ ಅವನಿನ್ನೂ ಮೀಸೆ ಚಿಗುರಿದ ಹುಡುಗ, ಕೆಲಸಕ್ಕೆ ಹೊಸಬ. “ಬೆಳಗ್ಗೆ ನಾನೇ ನೋಡೀನಿ ಯಜಮಾನ್ರೇ, ಬೀದಿ ಸ್ವಚ್ಛ ಐತೆ,” ಎಂದ. ಅವನು ನೋಡಿದ್ದು ನಿಜ. ಮಡು ಬಿದ್ದದ್ದು ಅವನು ನೋಡಿ ತಿಂಡಿಗೆ ಹೋದ ಮೇಲೆ.

ನಾನು ಛತ್ರದ ಬಾಗಿಲ ಹಿಂದೆ ನಿಂತು ಇಣುಕುತ್ತಿದ್ದೆ. ಮದುಮಗಳು ಇಣುಕಬಾರದು, ಗೊತ್ತು. ವಾಲಗ ಜೋರಾಗಿತ್ತು. ಅವನು ಬೀದಿಗೆ ಇಳಿದ, ಹಿಂದೆ ಅವನ ತಾಯಿ, ಅವರ ಹಿಂದೆ ಮಿಕ್ಕವರು. ನಮ್ಮ ಕಡೆಯ ಯಾರೋ ಉತ್ಸಾಹ ತಡೆಯಲಾರದೆ ಮೊದಲೇ ಒಂದು ಹಿಡಿ ಅಕ್ಷತೆ ಎಸೆದರು. ಅದು ಅವನ ಮುಂದೆ ಗಾಳಿಯಲ್ಲಿ ನಿಂತುಬಿಟ್ಟಿತು. ಅವನು ಅಕ್ಷತೆ ನೋಡಲಿಲ್ಲ. ಬಾಗಿಲ ಸಂದಿಯಲ್ಲಿ ನನ್ನನ್ನು ನೋಡಿದ, ನಕ್ಕ, ಹೆಜ್ಜೆ ಇಟ್ಟ. ಹೊಕ್ಕೇಬಿಟ್ಟ. ಗುರುಸಿದ್ದವ್ವನಿಗೆ ಮಡುವಿನ ವಿಷಯ ಗೊತ್ತಿಲ್ಲದಿದ್ದರೂ ಮಗನಿಗೆ ಏನೋ ಆಯಿತೆಂದು ತಿಳಿಯಿತು. ಹೆತ್ತ ಕರುಳು ಏನು ಕೂಗುತ್ತದೋ ಅದನ್ನೇ ಕೂಗಿದರು. “ಲೇ ಕೊಟ್ರಾ, ನಿಂತ್ಕಳಲೇ.” ಅದನ್ನು ಕೇಳಿದ ಕೂಡಲೇ ಹೊಸ್ತಿಲು ಹಾರಿ ಬೀದಿಗೆ ಬಂದು ನನ್ನಲ್ಲಿದ್ದ ದನಿಯನ್ನೆಲ್ಲ ಸೇರಿಸಿ ಕೂಗಿದೆ. “ನಿಲ್ಲಬ್ಯಾಡ, ಓಡಲೇ ಕತ್ತೆ.”

ವಾಲಗ ನಿಂತಿತು. ಆಮೇಲೆ ಇಡೀ ದಿಬ್ಬಣ ಸೇರಿ ಓಡು ಓಡು ಎಂದು ಕೂಗಬೇಕಿತ್ತು. ಆದರೆ ಮಡುವಿನಲ್ಲಿ ಬಿದ್ದ ಮದುಮಗನನ್ನು ಬಿಟ್ಟು ಎಲ್ಲರೂ ಬಾಯಿ ತೆರೆದುಕೊಂಡು ನನ್ನನ್ನು ನೋಡುತ್ತಾ ನಿಂತರು. ಮೇಸ್ತ್ರಿ ಬಂದು ಅಳೆದ. ಮಡು ಮೂರು ಹೆಜ್ಜೆ ಅಗಲ, ಹೆಜ್ಜೆಗೆ ಹತ್ತು ವರ್ಷ. “ನಿಲ್ಲದೆ ಬಂದ್ರೆ ಮೂವತ್ತು ವರ್ಷಕ್ಕೆ ಈ ಕಡೆ ಬರ್ತಾನೆ. ನಿಂತ್ರೆ ನಾನು ಹೇಳೋಕಾಗಲ್ಲ,” ಎಂದ. ಹಗ್ಗ ಎಸೆಯುವ ಹಾಗಿಲ್ಲ, ಹೊಕ್ಕು ನೂಕುವ ಹಾಗಿಲ್ಲ. ಹೊಕ್ಕವನೂ ಮೂವತ್ತು ವರ್ಷ ಒಳಗೇ ಉಳಿಯುತ್ತಾನೆ.

ಬೀಗರು ಒಂದು ವಾರ ಜಗಳವಾಡಿ, ಮಾಡಿಸಿದ್ದ ಲಾಡು ಖಾಲಿಯಾದ ಮೇಲೆ ಊರಿಗೆ ಹೊರಟರು. ಗುರುಸಿದ್ದವ್ವ ಗಾಡಿ ಹತ್ತಲಿಲ್ಲ. “ಮಗ ಇಲ್ಲೇ ನಿಂತವ್ನೆ. ನಾನು ಯಾವೂರಿಗೆ ಹೋಗ್ಲಿ?” ಎಂದು ಛತ್ರದೆದುರಿನ ಮನೆಯ ಜಗಲಿಯ ಮೇಲೆ ಕೂತುಬಿಟ್ಟರು. ಗಂಡ ತೀರಿಹೋಗಿದ್ದ, ಇದ್ದವನೊಬ್ಬನೇ ಮಗ. ಮೂರು ದಿನ ನೋಡಿದೆ. ನಾಲ್ಕನೆಯ ದಿನ ಹೋಗಿ ಅವರ ಗಂಟು ಎತ್ತಿಕೊಂಡು ನಮ್ಮ ಮನೆಗೆ ನಡೆದೆ. ಅವರು ಬಯ್ಯುತ್ತಾ ಹಿಂದೆ ಬಂದರು. ಅವತ್ತಿನಿಂದ ಅವರು ನನಗೆ ಅತ್ತೆ. ತಾಳಿ ಇಲ್ಲದೆ, ಗಂಡನಿಲ್ಲದೆ ಅತ್ತೆಯೊಬ್ಬಳನ್ನು ಮಾತ್ರ ಮನೆಗೆ ತುಂಬಿಸಿಕೊಂಡವಳು ಲೋಕದಲ್ಲಿ ನಾನೊಬ್ಬಳೇ ಇರಬೇಕು.

ಜಗಳ ಆಡಿದೆವು. ಅಡುಗೆ ಮನೆಯಲ್ಲಿ ಆಡಿದೆವು, ಭಟ್ಟಿಯ ಮುಂದೆ ಆಡಿದೆವು, ಒಬ್ಬರಿಗೆ ಜ್ವರ ಬಂದರೆ ಇನ್ನೊಬ್ಬರು ಕಷಾಯ ಕುಡಿಸುತ್ತಾ ಆಡಿದೆವು. ಅಪ್ಪ ಅವ್ವ ಹೋದ ಮೇಲೆ ಆ ಮನೆಯಲ್ಲಿ ಬೇರೆ ದನಿಯೇ ಇರಲಿಲ್ಲ, ಜಗಳವೂ ಇಲ್ಲದಿದ್ದರೆ ಹೇಗೆ. “ಗಂಡಂಗೆ ಕತ್ತೆ ಅಂದೋಳ ಕೈಲಿ ಉಣ್ಣೋ ಹಣೆಬರ ನಂದು. ಇಡೀ ಊರಿಗೆ ಕೇಳೋ ಹಂಗೆ ಅಂದ್ಲು,” ಎಂದು ಅವರು ತಟ್ಟೆ ಎಳೆದುಕೊಳ್ಳುವರು. “ನೀವು ಎರಡು ಕಾಳು ಮಂಡಕ್ಕಿ ಹಾಕಿಸಿದ್ರೆ ನಾನ್ಯಾಕೆ ಅಂತಿದ್ದೆ?” ಎಂದು ನಾನು ರೊಟ್ಟಿ ಬಡಿಸುವೆ. ಬೈಗುಳವಿದ್ದರೂ ಬಹುವಚನ ತಪ್ಪಿಸಿದವಳಲ್ಲ ನಾನು. ಅವರು ಭಟ್ಟಿಯ ಕೆಲಸ ಕಲಿತರು. ಮಂಡಕ್ಕಿ ಜರಡಿ ಹಿಡಿಯುವುದರಲ್ಲಿ ಅವರ ಕೈ ನನಗಿಂತ ಚುರುಕು. ಆದರೆ ಒಂದು ಕಾಳನ್ನೂ ಬಾಯಿಗೆ ಹಾಕಲಿಲ್ಲ, ಚೀಲವನ್ನು ಸೊಂಟಕ್ಕೆ ಕಟ್ಟಲಿಲ್ಲ. ಹೊರಗೆ ಹೋಗುವಾಗ ನಾನು ಮುಂದೆ ಎಸೆಯುತ್ತಾ ನಡೆಯಬೇಕು, ಅವರು ನನ್ನ ಹೆಜ್ಜೆ ಮೇಲೆ ಹೆಜ್ಜೆ ಇಡುತ್ತಾ ಬರುವರು.

ದಿನಾ ಸಂಜೆ ಇಬ್ಬರೂ ಛತ್ರದ ಬೀದಿಗೆ ಹೋಗುತ್ತಿದ್ದೆವು. ಅವರು ಮಡುವಿನ ಆ ಬದಿಗೆ, ಅವನ ಬೆನ್ನ ಹಿಂದೆ ನಿಲ್ಲುವರು, ಅವತ್ತು ಅವನನ್ನು ಕೂಗಿದ ಜಾಗದಲ್ಲೇ. ನಾನು ಈ ಬದಿಗೆ, ಛತ್ರದ ಕಟ್ಟೆಯ ಮೇಲೆ. ಅವನ ಬಾಸಿಂಗದ ಮುಂದೆ ಆ ಅಕ್ಷತೆ ಹಾಗೇ ಇತ್ತು. ಅದರ ಜೊತೆ ಒಂದು ಮಳೆಗಾಲದ ಮೂರು ಹನಿ ವರ್ಷಗಟ್ಟಲೆ ನೇತಾಡುತ್ತಿದ್ದವು. “ನನ್ನ ಮಗ ನೆನೀತಾನೆ,” ಎಂದು ಅತ್ತೆ ಬೇಸಿಗೆಯಲ್ಲೂ ಚಡಪಡಿಸುವರು.

ಬೇರೆ ಮದುವೆ ಯಾಕಾಗಲಿಲ್ಲ ಎಂದು ಕೇಳುತ್ತಾರೆ. ಯಾರು ಮಾಡಿಕೊಳ್ಳುತ್ತಾರೆ? ಬಂದ ಇಬ್ಬರು ಗಂಡುಗಳೂ ಛತ್ರದ ಮುಂದೆ ಕಾಲೆತ್ತಿ ನಿಂತಿದ್ದವನನ್ನು ನೋಡಿ, “ಇವ್ನು ಬರ್ತಾನೇ ಅವ್ನಲ್ರೀ, ನಮ್ಮ ಮದ್ವೆ ದಿನಾನೇ ಬಂದ್ಬಿಟ್ರೆ?” ಎಂದು ಎದ್ದು ಹೋದರು. ಇದು ನಾನು ಜನಕ್ಕೆ ಹೇಳುವ ಉತ್ತರ. ನಿಜ ಬೇರೆ. ಮೊದಲ ಏಳೆಂಟು ವರ್ಷ ನನಗೆ ಅವನ ಮೇಲೆ ಸಿಟ್ಟೇ ಇತ್ತು. ಹೊರಗೆ ಬರಲಿ, ತಾಯಿಯ ಮಾತು ಕೇಳಿ ನನ್ನ ಬಾಳು ನುಂಗಿದವನಿಗೆ ಏನೇನು ಅನ್ನಬೇಕು ಎಂದು ದಿನಕ್ಕೊಂದು ಮಾತು ಸೇರಿಸಿ ಇಟ್ಟುಕೊಳ್ಳುತ್ತಿದ್ದೆ. ಆದರೆ ಅವನು ನನ್ನನ್ನು ನೋಡಿ ನಗುತ್ತಿದ್ದನಲ್ಲ, ಆ ನಗು ಅವನ ಮುಖದಲ್ಲಿ ಹಾಗೇ ಇತ್ತು. ಯಾರಾದರೂ ನಿಮ್ಮನ್ನು ನೋಡಿ ಎಂಟು ವರ್ಷ ಬಿಡದೆ ನಕ್ಕರೆ ಎಂಥ ಸಿಟ್ಟೂ ಇಳಿಯುತ್ತದೆ. ಒಂದು ಸಂಜೆ ಕಟ್ಟೆಯ ಮೇಲೆ ಕೂತಾಗ ಇವನು ನನಗೆ ಬೇಕು ಎನಿಸಿತು. ಅಷ್ಟೇ. ಅತ್ತೆಗೂ ಹೇಳಲಿಲ್ಲ.

ಇಪ್ಪತ್ತೈದನೆಯ ವರ್ಷದ ಅಳತೆಯ ದಿನ ಮಧ್ಯಾಹ್ನ ಸಿದ್ರಾಮಪ್ಪ ಅಳತೆಯ ದಾರ ಕೈಯಲ್ಲಿ ಹಿಡಿದುಕೊಂಡೇ ಭಟ್ಟಿಗೆ ಬಂದ. ಅಷ್ಟು ಹೊತ್ತಿಗೆ ಅವನ ಮೀಸೆ ನರೆತಿತ್ತು.

“ಹಾಲಮ್ಮ, ಕತ್ತು ತಿರುಗ್ತೈತೆ,” ಎಂದ.

“ಯಾರ್ದು?”

“ಇನ್ಯಾರ್ದು. ಕೊಟ್ರೇಶೀದು. ಹಿಂದಕ್ಕೆ ತಿರುಗ್ತೈತೆ. ಮೂರನೇ ಹೆಜ್ಜೆಗೆ ಎತ್ತಿದ ಕಾಲು ಮುಂದಕ್ಕೆ ಬರ್ತಿಲ್ಲ. ಹೋದ ವರ್ಷ ಎಲ್ಲಿತ್ತೋ ಅಲ್ಲೇ ಐತೆ.”

ಹಿಂದೆ ಜರಡಿ ಹಿಡಿಯುತ್ತಿದ್ದ ಅತ್ತೆಯ ಕೈ ನಿಂತಿತು. “ನನ್ನ ಕೂಗು ಮುಟ್ಟಿತಾ?” ಎಂದರು.

“ಮುಟ್ಟಿರಬೇಕು ತಾಯಿ.”

ಒಂದು ಗಳಿಗೆ ಅವರ ಮುಖದಲ್ಲಿ ಜಂಬ ಬಂದದ್ದನ್ನು ನಾನು ಕಂಡೆ. ಇಪ್ಪತ್ತೈದು ವರ್ಷ ಊರಿಗೆಲ್ಲ ಹೇಳಿಕೊಂಡು ಬಂದಿದ್ದರಲ್ಲ, ನನ್ನ ಮಗ ನನ್ನ ಗೆರೆ ದಾಟಲ್ಲ ಎಂದು. ಆಮೇಲೆ ಅವರಿಗೆ ಓಲೆ ಅಜ್ಜಿ ನೆನಪಾಗಿರಬೇಕು. ಜರಡಿ ಕೈಬಿಟ್ಟು ನೆಲದ ಮೇಲೆ ಕೂತರು. ಅವನು ತಾಯಿಯ ಮಾತು ಕೇಳಿ ನಿಲ್ಲುತ್ತಿದ್ದ. ನಿಂತನೆಂದರೆ ಇನ್ನು ನೂರಿನ್ನೂರು ವರ್ಷ ಅಲ್ಲೇ.

“ಇನ್ನೊಂದ್ಸಲ ಕೂಗ್ಲಾ? ಓಡು ಅಂತ ಕೂಗ್ಲಾ?” ಎಂದರು.

“ಈಗ ಕೂಗಿದ್ದು ಮುಟ್ಟೋದಕ್ಕೆ ಇನ್ನೊಂದು ಇಪ್ಪತ್ತೈದು ವರ್ಷ ಬೇಕು ತಾಯಿ. ಅಷ್ಟರಲ್ಲಿ ಅವ್ನು ಪೂರ್ತಿ ತಿರುಗಿ ನಿಮ್ಮ ಕಡೆಗೇ ಹೊರಟಿರ್ತಾನೆ.” ಸಿದ್ರಾಮಪ್ಪ ದಾರ ಸುತ್ತುತ್ತಾ ನನ್ನ ಕಡೆ ನೋಡಿದ. “ಅವತ್ತು ಹಾಲಮ್ಮ ಕೂಗಿದ್ದೊಂದು ಒಳಗೆ ಐತೆ. ಹಿಂದಿಂದೇ ಬರ್ತಿರಬೇಕು. ಅದೊಂದೇ ಈಗ ಗತಿ.”

ಅವತ್ತು ರಾತ್ರಿ ಅತ್ತೆ ಊಟ ಮಾಡಲಿಲ್ಲ. ಮಾರನೆಯ ದಿನ ಹಾಸಿಗೆ ಹಿಡಿದರು. ವೈದ್ಯರು ನಾಡಿ ನೋಡಿ, ಎಪ್ಪತ್ತರ ಜೀವ, ವರ್ಷ ತುಂಬುವುದು ಕಷ್ಟ ಎಂದರು. ನಾನು ಎರಡು ಹೊತ್ತು ಗಂಜಿ ಕುಡಿಸುತ್ತಿದ್ದೆ. ಒಂದು ದಿನ ಗಂಜಿಯ ಬಟ್ಟಲು ತಡೆದು ಕೇಳಿದರು:

“ಲೇ ಹಾಲಿ, ಅವತ್ತು ಜೋರಾಗೇ ಕೂಗಿದ್ಯಾ?”

“ಇಡೀ ಊರಿಗೆ ಕೇಳೋ ಹಂಗೆ ಅಂದ್ಲು ಅಂತ ನೀವೇ ಹೇಳ್ತಿದ್ರಲ್ಲ.”

“ಅದು ಸಿಟ್ಟಿಗೆ ಹೇಳಿದ್ದು ಕಣೆ. ನಿಜ ಹೇಳು. ವಾಲಗ ಬೇರೆ ಬಡೀತಿತ್ತು.”

“ವಾಲಗದೋರೇ ಹೆದರಿ ನಿಲ್ಸಿದ್ರು, ಅತ್ತೆ.”

“ಕತ್ತೆ ಅನ್ನೋದು ಸಾಕಾಯ್ತೋ ಇಲ್ವೋ. ಮೆತ್ತಗಿನ ಬೈಗುಳ ಅದು. ನಾನೇ ದಿನಾ ಅವನ್ನ ಕತ್ತೆ ಅಂತಿದ್ದೆ. ಹಂದಿ ಅನ್ನಬೇಕಿತ್ತು ನೀನು,” ಎಂದರು. ಇಪ್ಪತ್ತೈದು ವರ್ಷ ನನ್ನನ್ನು ಚುಚ್ಚಿದ ಮಾತಿಗೆ ಈಗ ಸಾಲದು ಎನ್ನುತ್ತಿದ್ದಾರೆ. ನನಗೆ ನಗು ಬಂತು, ಅಳುವೂ ಬಂತು. ಗಂಜಿ ಕುಡಿಸಿದೆ.

ನನ್ನ ಭಯ ಬೇರೆಯದೇ ಇತ್ತು. ತಾಯಿಯ ದನಿ ಅವನು ಹೊಟ್ಟೆಯಲ್ಲಿದ್ದಾಗಿನಿಂದ ಕೇಳಿದ್ದು. ನಾನು ಯಾರು? ಒಂದು ಸಲ ಚಹಾ ಕೊಟ್ಟವಳು. ನನ್ನ ದನಿ ಹೇಗಿದೆ ಎಂದೇ ಅವನಿಗೆ ಗೊತ್ತಿಲ್ಲ. ಅವನು ನನ್ನಿಂದ ಕೇಳುವ ಮೊದಲನೆಯ ಮಾತೇ ಕತ್ತೆ. ಅಂಥ ಮಾತಿಗೆ ಯಾವ ಗಂಡಸು ಓಡಿ ಬರುತ್ತಾನೆ? ತಿರುಗಿ ಹೋಗುತ್ತಾನೆ.

ಅತ್ತೆ ಮಾತ್ರ ಮೂರು ತಿಂಗಳಿಗೆ ಎದ್ದು ಕೂತರು. ಹಾಸಿಗೆ ಹಿಡಿದಿದ್ದರೆ ಕೆಲಸ ಆಗುವುದಿಲ್ಲ ಎನಿಸಿತಂತೆ. ನನ್ನ ಹೆಗಲ ಮೇಲೆ ಕೈಯಿಟ್ಟು ಚೌಡಮ್ಮನ ಗುಡಿಗೆ ನಡೆದರು. ಪೂಜಾರಿ ಏನು ಬೇಡಿಕೆ ತಾಯಿ ಎಂದ.

“ನನ್ನ ಮಗ ಹೆಂಡ್ತಿ ಮಾತು ಕೇಳ್ಲಿ,” ಎಂದರು ಅತ್ತೆ.

ಪೂಜಾರಿ ಗಂಟೆ ಹಿಡಿದ ಕೈ ಇಳಿಸಿ, “ಇನ್ನೊಂದ್ಸಲ ಹೇಳ್ರೀ,” ಎಂದ.

“ನಿಂಗೆ ಕಿವಿ ಕೇಳಲ್ವಾ? ತಾಯಿ ಮಾತು ಬಿಟ್ಟು ಹೆಂಡ್ತಿ ಮಾತು ಕೇಳ್ಲಿ ಅಂತ ಬೇಡ್ಕೋ.”

ಮೂವತ್ತು ವರ್ಷದ ಪೂಜೆಯಲ್ಲಿ ಯಾವ ಅತ್ತೆಯ ಬಾಯಲ್ಲೂ ಈ ಬೇಡಿಕೆ ಕೇಳಿಲ್ಲ ಎಂದು ಅವನು ಆಮೇಲೆ ಊರೆಲ್ಲ ಹೇಳಿಕೊಂಡು ತಿರುಗಿದ. ಮುಂದಿನ ವಾರದಿಂದ ಅತ್ತೆ ಬೇಡಿಕೊಳ್ಳುವುದನ್ನು ಕಿವಿಯಾರೆ ಕೇಳಬೇಕೆಂದು ಊರಿನ ಸೊಸೆಯರೆಲ್ಲ ಹಣ್ಣುಕಾಯಿ ಹಿಡಿದು ಗುಡಿಗೆ ಬರತೊಡಗಿದರು. ಒಬ್ಬಳಂತೂ ತನ್ನ ಅತ್ತೆಯನ್ನೂ ಕೈ ಹಿಡಿದು ಕರೆತಂದಿದ್ದಳು.

ಇಪ್ಪತ್ತೆಂಟನೆಯ ವರ್ಷಕ್ಕೆ ಅವನ ಮುಖ ಅರ್ಧ ಹಿಂದಕ್ಕೆ ತಿರುಗಿತ್ತು. ನನ್ನ ಕಡೆಯಿಂದ ನೋಡಿದರೆ ನಗು ಕಾಣುತ್ತಿರಲಿಲ್ಲ, ಕಿವಿ ಕಾಣುತ್ತಿತ್ತು. ಆ ಬದಿಗೆ ನಿಲ್ಲುತ್ತಿದ್ದ ಅತ್ತೆಗೆ ಅಷ್ಟು ವರ್ಷದ ಮೇಲೆ ಮೊದಲ ಬಾರಿ ಮಗನ ಒಂದು ಕಣ್ಣು ಕಂಡಿತು. ಇನ್ನೊಬ್ಬರಾಗಿದ್ದರೆ ಅಲ್ಲೇ ಗುಡಿಸಲು ಹಾಕಿಕೊಂಡು ಕೂರುತ್ತಿದ್ದರು. ಅತ್ತೆ ಸೆರಗು ಬಾಯಿಗೆ ಹಿಡಿದುಕೊಂಡು ಒಂದು ಗಳಿಗೆ ನೋಡಿದರು. ಆಮೇಲೆ ಬೀದಿ ಸುತ್ತಿ ಈ ಬದಿಗೆ ಬಂದು ನನ್ನ ಪಕ್ಕ ಕಟ್ಟೆಯ ಮೇಲೆ ಕೂತರು. “ಅವ್ನು ಪೂರ್ತಿ ತಿರುಗಿದ್ರೆ ಅಲ್ಲಿ ನಾನಿರಬಾರದು. ನನ್ನ ನೋಡಿದ್ರೆ ನಿಂತೇಬಿಡ್ತಾನೆ,” ಎಂದರು. ಅವತ್ತಿನಿಂದ ಒಂದು ದಿನವೂ ಆ ಬದಿಗೆ ಹೋಗಲಿಲ್ಲ. ಮಗನ ಮುಖ ಇದ್ದ ಕಡೆ ಅವರಿಲ್ಲ, ಅವರಿದ್ದ ಕಡೆ ಅವನ ಕಿವಿ ಮಾತ್ರ. ಅದೇ ಕಿವಿಯನ್ನು ಒಂದು ವರ್ಷ ಇಬ್ಬರೂ ನೋಡುತ್ತಾ ಕೂತೆವು.

ಇಪ್ಪತ್ತೊಂಬತ್ತನೆಯ ವರ್ಷ ಯುಗಾದಿ ಮುಗಿದ ವಾರ ಸಿದ್ರಾಮಪ್ಪ ಮಡುವಿನ ಸುತ್ತ ಎರಡು ಸಲ ಸುತ್ತಿ ಬಂದು, “ಹುಬ್ಬು ಏರೈತೆ,” ಎಂದ. ಅರ್ಧ ಗಂಟೆಯಲ್ಲಿ ಊರೇ ನೆರೆಯಿತು. ಕ್ಷೌರದಂಗಡಿಯಲ್ಲಿ ಅರ್ಧ ಗಡ್ಡ ತೆಗೆಸಿಕೊಂಡವರು ಸೋಪಿನ ಮುಖದಲ್ಲೇ ಬಂದರು. ಅದು ಸಿಟ್ಟಿನ ಹುಬ್ಬೋ ಆಶ್ಚರ್ಯದ ಹುಬ್ಬೋ ಎಂದು ಎರಡು ಪಂಗಡವಾಯಿತು. “ಕತ್ತೆ ಅನ್ನೋದು ಕಿವಿಗೆ ಬಿದ್ದಿರೋದಂತೂ ಖರೆ,” ಎಂದ ಸಿದ್ರಾಮಪ್ಪ. ನಾನು ಎದ್ದು ಭಟ್ಟಿಗೆ ಹೋಗಿಬಿಟ್ಟೆ. ಐವತ್ತರ ಹತ್ತಿರದ ಹೆಂಗಸು ಜನದ ಮುಂದೆ ನಾಚಿಕೆಯಿಂದ ಕೆಂಪಾಗುವುದು ಚೆನ್ನಾಗಿರುವುದಿಲ್ಲ.

ಆರು ತಿಂಗಳಿಗೆ ತುಟಿಯ ತುದಿ ಮೇಲೇರಿತು. ಸಿಟ್ಟಲ್ಲ, ನಗು. ಆಮೇಲೆ ಕಿವಿ ಹಿಂದಕ್ಕೆ ಸರಿದು ಕೆನ್ನೆ ಕಂಡಿತು, ಮೂಗಿನ ತುದಿ ಕಂಡಿತು. ಒಂದು ವರ್ಷ ತಡೆದು ಇಡೀ ಮುಖ ನಮ್ಮ ಕಡೆ ಬಂತು. ನೇತಾಡುತ್ತಿದ್ದ ಕಾಲು ನೆಲ ಮುಟ್ಟಿತು, ಇನ್ನೊಂದು ಕಾಲು ಎದ್ದಿತು. ಅದು ನಡೆಯುವವನ ಕಾಲಾಗಿರಲಿಲ್ಲ. ಅವನು ಓಡುತ್ತಿದ್ದ. ಅತ್ತೆ ಕಟ್ಟೆಯ ಮೇಲೆ ಕೂತು ನನ್ನ ಮೊಣಕೈ ಹಿಡಿದುಕೊಂಡಿದ್ದರು. ವೈದ್ಯರು ವರ್ಷ ತುಂಬುವುದು ಕಷ್ಟ ಎಂದು ಹೇಳಿ ಆರು ವರ್ಷವಾಗುತ್ತಾ ಬಂದಿತ್ತು. ಆ ವೈದ್ಯರೇ ಹೋಗಿ ಮೂರು ವರ್ಷವಾಗಿತ್ತು.

ಮೂವತ್ತೊಂದನೆಯ ವರ್ಷ ಒಂದು ಬೆಳಗ್ಗೆ, ನಾವು ಕಟ್ಟೆಯ ಮೇಲೆ ಕೂತು ಹೂರಣದ ಬೇಳೆ ಆರಿಸುತ್ತಿದ್ದಾಗ, ಅವನ ಮೂಗು ಅಂಚಿಗೆ ಮುಟ್ಟಿತು. ಮಡು ಅವನನ್ನು ಉಗುಳಿತು. ಬಾಸಿಂಗ ಓರೆಯಾಗಿ, ಪಂಚೆ ಎತ್ತಿ ಹಿಡಿದುಕೊಂಡು, ಏದುಸಿರು ಬಿಡುತ್ತಾ ನೇರ ನನ್ನ ಮುಂದೆ ಬಂದು ನಿಂತ. ಅವನ ಜೊತೆ ಹೊರಬಿದ್ದ ಅಕ್ಷತೆ ನನ್ನ ತಲೆಯ ಮೇಲೂ ಉದುರಿತು. ಮೂವತ್ತೊಂದು ವರ್ಷದ ಹಿಂದೆ ಬೀಳಬೇಕಾಗಿದ್ದ ಅಕ್ಷತೆ, ನರೆತ ಕೂದಲಿನ ಮೇಲೆ. ಅವನು ನನ್ನ ಮುಖ ನೋಡಿದ. ನನಗೆ ನಮ್ಮವ್ವನ ಮೂಗು, ನಮ್ಮವ್ವನ ಗಲ್ಲ. ತಟ್ಟನೆ ಬಗ್ಗಿ ನನ್ನ ಕಾಲು ಮುಟ್ಟಿ, “ತಪ್ಪು ತಿಳ್ಕಾಬ್ಯಾಡ್ರಿ ಅತ್ತೇರೇ, ತಡ ಆಯ್ತು,” ಎಂದ.

ದಿನಕ್ಕೊಂದರಂತೆ ಸೇರಿಸಿ ಇಟ್ಟುಕೊಂಡಿದ್ದ ಮಾತುಗಳಲ್ಲಿ ಒಂದೂ ನಾಲಿಗೆಗೆ ಬರಲಿಲ್ಲ. “ಏಳಪ್ಪ,” ಎಂದೆ.

ಅವನು ಎದ್ದು ನನ್ನನ್ನೇ ನೋಡಿದ. ದನಿ ಗುರುತು ಹತ್ತಿತು. ನನ್ನ ಕೂದಲು, ಪಕ್ಕದಲ್ಲಿ ಕೋಲೂರಿಕೊಂಡು ಏಳುತ್ತಿದ್ದ ಅವನ ತಾಯಿ, ಎದುರಿನ ಮನೆಯಿದ್ದ ಜಾಗದಲ್ಲಿ ಎದ್ದಿದ್ದ ಎರಡಂತಸ್ತಿನ ಕಟ್ಟಡ, ಎಲ್ಲವನ್ನೂ ಒಂದೊಂದಾಗಿ ನೋಡಿದ. ಮುಖದ ಬಣ್ಣ ಇಳಿಯಿತು. “ಕತ್ತೆ ಅಂದೋರು ನೀವಾ?” ಎಂದು ಮೆಲ್ಲಗೆ ಕೇಳಿದ.

“ಹೂಂ. ನಾನೇ.”

“ಅದಕ್ಕೇ ಬಂದೆ,” ಎಂದ. “ಮೊದ್ಲು ನಮ್ಮವ್ವ ನಿಂತ್ಕೋ ಅಂದ್ಲು, ನಿಂತೆ. ಆಮೇಲೆ ನೀವು ಕೂಗಿದ್ರಿ. ಅಷ್ಟು ಹೆದರಿ ನನ್ನ ಯಾರೂ ಬೈದಿರಲಿಲ್ಲ.”

ಅತ್ತೆ ಇಷ್ಟು ಹೊತ್ತಿಗೆ ಕಟ್ಟೆ ಇಳಿದು ಬಂದು ಎರಡೂ ಕೈಯಿಂದ ಮಗನ ಮುಖ ಸವರುತ್ತಿದ್ದರು. ಕಣ್ಣಲ್ಲಿ ನೀರು ಸುರಿಯುತ್ತಿತ್ತು. ಆರು ವರ್ಷ ಗುಡಿಯಲ್ಲಿ ಹರಕೆ ಹೊತ್ತ ಬಾಯಿಂದ ಮೊದಲು ಬಂದ ಮಾತು ಇದು: “ನೋಡಿದ್ಯೇನೆ ಹಾಲಿ, ಹೆತ್ತೋಳು ನಿಂತ್ಕೋ ಅಂದ್ರೆ ನಿಲ್ಲಲಿಲ್ಲ. ಹೆಂಡ್ತಿ ಕರೆದ್ಲು ಅಂತ ಹೆಂಗೆ ಓಡಿ ಬಂದ.”

ಊರ ಹಿರಿಯರು ಸೇರಿದರು. ನಿಶ್ಚಯವಾದ ಮದುವೆ ರದ್ದಾಗಿಲ್ಲ, ಬೇಕಿದ್ದರೆ ಮುಗಿಸಬಹುದು ಎಂದರು. ಕೊಟ್ರೇಶಿ ತಲೆ ತಗ್ಗಿಸಿ, “ಮಾತು ಕೊಟ್ಟಿದ್ದೀವಿ. ನಾನು ತಯಾರಿದ್ದೀನಿ,” ಎಂದ. ಒಳ್ಳೆಯ ಹುಡುಗ. ಅವತ್ತು ಮಧ್ಯಾಹ್ನ ಭಟ್ಟಿಯ ಮುಂದೆ ನಾನೊಬ್ಬಳೇ ಕೂತು ಅತ್ತುಬಿಟ್ಟೆ. ಇಷ್ಟು ವರ್ಷ ಕಾದದ್ದು ಅವನಿಗಾಗಿಯೇ, ಸುಳ್ಳು ಯಾಕೆ ಹೇಳಲಿ. ಆದರೆ ನಾನು ಕಾದದ್ದು ನನ್ನ ವಯಸ್ಸಿನವನಿಗೆ. ಬಂದವನಿಗೆ ಇನ್ನೂ ಇಪ್ಪತ್ನಾಲ್ಕು. ನಮ್ಮವ್ವನ ಮುಖದ ಹೆಂಗಸಿಗೆ ಅವನು ತಾಳಿ ಕಟ್ಟಿದರೆ ಅವನಿಗೂ ಮುಜುಗರ, ನನಗೂ ಮುಜುಗರ. ಕಣ್ಣೊರೆಸಿಕೊಂಡು ಎದ್ದು ಹೋಗಿ, “ನೀನು ಒಂದ್ಸಲ ನನ್ನ ಮಾತು ಕೇಳಿದ್ದೀಯ. ಇನ್ನೊಂದ್ಸಲ ಕೇಳು. ಬೇರೆ ಹುಡುಗೀನ ನೋಡ್ತೀನಿ, ಸುಮ್ನೆ ಒಪ್ಕೋ,” ಎಂದೆ. ಅವನು ಒಪ್ಪಿದ. ಅತ್ತೆ ಮಾತ್ರ, “ನನ್ನ ಸೊಸೆ ನೀನೇ. ಬರೋಳು ಇನ್ನೊಬ್ಬಳು, ಅಷ್ಟೇ,” ಎಂದು ತಮ್ಮ ಹಾಸಿಗೆಯನ್ನು ನನ್ನ ಕೋಣೆಯಿಂದ ಕದಲಿಸಲಿಲ್ಲ.

ಹೆಣ್ಣು ನೋಡಲು ಹೊರಟ ದಿನ ಹೊಸ್ತಿಲಲ್ಲಿ ಅತ್ತೆ ಮಗನನ್ನು ತಡೆದರು. ತಮ್ಮ ಕೈಯಿಂದಲೇ ಅವನ ಸೊಂಟಕ್ಕೆ ಮಂಡಕ್ಕಿ ಚೀಲ ಕಟ್ಟಿದರು. ಇನ್ನೊಂದು ಚೀಲ ತಾವು ಕಟ್ಟಿಕೊಂಡರು. ಬೀದಿಗೆ ಇಳಿಯುವ ಮೊದಲು ಒಂದು ಹಿಡಿ ಎಸೆದು, ಅಷ್ಟೂ ನೆಲಕ್ಕೆ ಬಿದ್ದದ್ದನ್ನು ಬಗ್ಗಿ ನೋಡಿ, ಉಳಿದ ನಾಲ್ಕು ಕಾಳು ಬಾಯಿಗೆ ಹಾಕಿಕೊಂಡರು. “ಉಪ್ಪು ಸ್ವಲ್ಪ ಕಮ್ಮಿ,” ಎಂದರು.

ಹುಡುಗಿ ನಮ್ಮೂರಿನವಳೇ, ಕುಂಬಾರ ಓಣಿಯವಳು. ಚಾಪೆಯ ಮೇಲೆ ತಲೆ ತಗ್ಗಿಸಿ ಕೂತಿದ್ದಳು. ಕೊಟ್ರೇಶಿ ನಾಚಿಕೊಂಡು ಹೊರಗಿನ ಜಗಲಿಗೇ ಅಂಟಿಕೊಂಡಿದ್ದ. ಅತ್ತೆ ರೊಟ್ಟಿ ಬರುತ್ತದಾ, ಹೊಲಿಗೆ ಬರುತ್ತದಾ ಎಂದು ಕೇಳಿದರು. ಹುಡುಗಿಯ ತಾಯಿ, ಹಾಡೂ ಬರುತ್ತದೆ, ಹೇಳಿಸಲಾ ಎಂದಳು.

“ಹಾಡು ಬ್ಯಾಡ,” ಎಂದೆ ನಾನು. “ನೋಡವ್ವ, ಒಂದ್ಸಲ ಜೋರಾಗಿ ಕೂಗು. ಏನಾದ್ರೂ ಸರಿ.”

ಹುಡುಗಿ ತಾಯಿಯ ಮುಖ ನೋಡಿದಳು, ನನ್ನ ಮುಖ ನೋಡಿದಳು. ನಮ್ಮೂರಿನ ಶಾಲೆಯಲ್ಲಿ ಓದಿದವಳಲ್ಲವೇ, ಅರ್ಥವಾಯಿತು. ಸೆರಗು ಸೊಂಟಕ್ಕೆ ಸಿಕ್ಕಿಸಿ ಎದ್ದು ನಿಂತು, “ಓಡೋ,” ಎಂದು ಕೂಗಿದಳು. ಅಟ್ಟದ ಮೇಲಿನ ಬೆಕ್ಕು ಕೆಳಗೆ ಹಾರಿತು. ಜಗಲಿಯಿಂದ ಕೊಟ್ರೇಶಿ ಚಪ್ಪಲಿಯನ್ನೂ ಬಿಡದೆ ನಡುಮನೆಗೆ ಓಡಿ ಬಂದು ನಿಂತ.

ಅತ್ತೆ ಅವನನ್ನು ನೋಡಿದರು, ಹುಡುಗಿಯನ್ನು ನೋಡಿದರು, ಕೊನೆಗೆ ನನ್ನ ಮೊಣಕೈ ಹಿಡಿದುಕೊಂಡರು. “ನಿನ್ನಷ್ಟಿಲ್ಲ,” ಎಂದರು ನನ್ನ ಕಿವಿಯಲ್ಲಿ. “ಆದ್ರೂ ಆಗಬೋದು.”